ಕಥೆ ಕಟ್ಟುವ ಯಂತ್ರ ಮತ್ತು ಎರಡನೆಯ ಪ್ರತಿ

(ಗಡಿಯಾಚೆಯ ಕನ್ನಡದ ಕುರಿತು ನಡೆದ ಆನ್‌ಲೈನ್ ವಿಚಾರಸಂಕಿರಣದಲ್ಲಿ ಮಂಡಿಸಿದ ಪ್ರಬಂಧದ ಬರಹರೂಪ. ಚರ್ಚೆಯ ಆಯ್ದ ಭಾಗವನ್ನು ಕೊನೆಯಲ್ಲಿ ಸೇರಿಸಲಾಗಿದೆ.)

  

ನನ್ನ ವಿಷಯ ನೋಡಿ ಕೆಲವರಿಗೆ ಆಶ್ಚರ್ಯ ಆಗಿರಬಹುದು. ಹಿಂದಿನ ಗೋಷ್ಠಿಗಳಲ್ಲಿ ಶಾಸನ, ಶಾಲೆ, ಆಯೋಗದ ವರದಿಗಳ ಬಗ್ಗೆ ಮಾತಾಯಿತು. ನಾನು ಮಾತಾಡ್ಲಿಕ್ಕೆ ಹೊರಟದ್ದು ಎಲ್ಲಿಯೂ ಇಲ್ಲದ ಒಂದು ಯಂತ್ರದ ಬಗ್ಗೆ. ಕಥೆ ಕಟ್ಟುವ, ಕಟ್ಟಿದ ಕಥೆಯಿಂದ ಲೋಕವನ್ನೇ ಬದಲಿಸುವ ಕಾಲ್ಪನಿಕ ಯಂತ್ರ. ಯುರೋಪಿನ ಮತ್ತು ಲ್ಯಾಟಿನ್ ಅಮೆರಿಕದ ಸಾಹಿತ್ಯದಲ್ಲಿ ಇದಕ್ಕೆ ಸುಮಾರು ಮುನ್ನೂರು ವರ್ಷಗಳ ಚರಿತ್ರೆ ಉಂಟು. ಆ ಚರಿತ್ರೆಯನ್ನು ನಾನು ಓದಲು ತೊಡಗಿದ್ದು ನಮ್ಮ ಮನೆಯ ಒಂದು ಕಾಗದದಿಂದಾಗಿ. ಮೊದಲು ಅದನ್ನು ಹೇಳ್ತೇನೆ.

ನಾನು ಕಾಸರಗೋಡು ಕಡೆಯವಳು. ನಮ್ಮಲ್ಲಿ ಅಜ್ಜನ ಕಾಲದ ಒಂದು ಪಾಲುಪಟ್ಟಿ ಉಂಟು, ಕನ್ನಡದಲ್ಲಿ ಬರೆದದ್ದು. ಅದರಲ್ಲಿ ಗದ್ದೆಗಳನ್ನು ಬೈಲು, ಮಜಲು, ಬೆಟ್ಟು ಅಂತ ಬೇರೆ ಬೇರೆಯಾಗಿ ಹೆಸರಿಸಿದ್ದಾರೆ. ತಗ್ಗಿನಲ್ಲಿ ನೀರು ನಿಲ್ಲುವುದು ಬೈಲು. ಅದಕ್ಕಿಂತ ಮೇಲಿನದು ಮಜಲು. ಇನ್ನೂ ಎತ್ತರದಲ್ಲಿ, ಮಳೆಯನ್ನೇ ನಂಬಿ ಒಂದೇ ಬೆಳೆ ತೆಗೆಯುವುದು ಬೆಟ್ಟು. ಈಗಿನ ದಾಖಲೆಯಲ್ಲಿ ಈ ಮೂರಕ್ಕೂ ಸೇರಿ ಒಂದೇ ಮಲಯಾಳ ಶಬ್ದ: ನಿಲಂ. ಮನೆ, ತೋಟದ ಜಾಗಕ್ಕೆ ಪುರಯಿಡಂ. ಕೇರಳದಲ್ಲಿ ಭತ್ತದ ಗದ್ದೆ ಮತ್ತು ಜೌಗು ಭೂಮಿಯನ್ನು ಕಾಪಾಡುವ ಕಾಯ್ದೆ 2008ರಲ್ಲಿ ಬಂತು. ಅದರ ನಂತರ ನಿಲಂ ಅಂತ ಬರೆದ ಜಾಗದಲ್ಲಿ ಮನೆ ಕಟ್ಟುವುದು ಸುಲಭ ಅಲ್ಲ.

ನನ್ನ ಮಾವನ ಪಾಲಿಗೆ ಬಂದದ್ದು ಬೆಟ್ಟು. ನನಗೆ ಬುದ್ಧಿ ತಿಳಿದಾಗಿನಿಂದ ಅಲ್ಲಿ ಯಾರೂ ನೇಜಿ ನೆಟ್ಟದ್ದಿಲ್ಲ. ಮಗಳಿಗೆ ಒಂದು ಸಣ್ಣ ಮನೆ ಕಟ್ಟುವ ಅಂತ ಮಾವ ಕಚೇರಿಗೆ ಹೋದರು. ಅಲ್ಲಿದ್ದವರು ಕೆಟ್ಟವರೇನಲ್ಲ. ರಿಜಿಸ್ಟರು ತಿರುಗಿಸಿ ತೋರಿಸಿದರು, ನಿಲಂ ಅಂತ ಇತ್ತು, ಅಷ್ಟೇ. ಮನೆಗೆ ಬಂದು ಜಗಲಿಯಲ್ಲಿ ಕೂತು ಮಾವ ಕೇಳಿದ್ದು ಒಂದೇ ಮಾತು: "ಮಣ್ಣು ನೋಡ್ಲಿಕ್ಕೆ ಬರುವವರು ಯಾರೂ ಇಲ್ವಾ?"

ಕಾಯ್ದೆಯ ವಿರುದ್ಧ ನಾನು ಮಾತಾಡುತ್ತಿಲ್ಲ. ಗದ್ದೆಗಳು ಉಳಿಯಬೇಕಾದ್ದೇ. ನನ್ನ ಪ್ರಶ್ನೆ ಬೇರೆ. ಒಂದು ಶಬ್ದ ಪುಸ್ತಕದಲ್ಲಿ ಕೂತು ಹೊರಗಿನ ಮಣ್ಣನ್ನು ಸೋಲಿಸುವುದು ಹೇಗೆ? ಅದೇ ವಾರ ನಾನು ತೌಲನಿಕ ಸಾಹಿತ್ಯದ ಪತ್ರಿಕೆಗಾಗಿ ಗಲಿವರನ ಪ್ರವಾಸಗಳನ್ನು ಓದುತ್ತಿದ್ದೆ.

1. ಲಗಾಡೊದ ಚೌಕಟ್ಟು

ಜೊನಾಥನ್ ಸ್ವಿಫ್ಟ್‌ನ ಆ ಪುಸ್ತಕ ಲಂಡನ್ನಿನಲ್ಲಿ ಪ್ರಕಟವಾದದ್ದು 1726ರ ಅಕ್ಟೋಬರ್ 28ರಂದು. ನಾವು ಶಾಲೆಯಲ್ಲಿ ಓದಿದ್ದು ಲಿಲಿಪುಟ್ಟಿನ ಕಥೆ ಮಾತ್ರ. ಯಂತ್ರ ಬರುವುದು ಮೂರನೆಯ ಭಾಗದಲ್ಲಿ, ಲಗಾಡೊ ಎಂಬ ನಗರದ ಅಕಾಡೆಮಿಯಲ್ಲಿ. ಆ ಕಾಲದ ಲಂಡನ್ನಿನ ರಾಯಲ್ ಸೊಸೈಟಿಯನ್ನು ಸ್ವಿಫ್ಟ್ ಅಲ್ಲಿ ಗೇಲಿ ಮಾಡಿದ್ದಾನೆ ಎಂಬುದು ಎಲ್ಲರಿಗೂ ಗೊತ್ತಿರುವ ವಿಚಾರ.

ಯಂತ್ರದ ವಿವರ ಹೀಗೆ. ಇಪ್ಪತ್ತು ಅಡಿ ಚದರದ ಒಂದು ದೊಡ್ಡ ಚೌಕಟ್ಟು. ಅದರ ತುಂಬ ದಾಳದ ಗಾತ್ರದ ಮರದ ತುಂಡುಗಳು, ಒಂದಕ್ಕೊಂದು ಸಪುರ ತಂತಿಯಿಂದ ಜೋಡಿಸಿದವು. ಪ್ರತಿ ತುಂಡಿನ ಎಲ್ಲ ಮೈಗೂ ಕಾಗದ ಅಂಟಿಸಿ ಆ ಭಾಷೆಯ ಎಲ್ಲ ಶಬ್ದಗಳನ್ನು, ವಿಭಕ್ತಿ, ಕಾಲ, ಕ್ರಿಯಾರೂಪಗಳ ಸಮೇತ, ಯಾವ ಕ್ರಮವೂ ಇಲ್ಲದೆ ಬರೆದಿದ್ದಾರೆ. ಅಂಚಿನಲ್ಲಿ 40 ಕಬ್ಬಿಣದ ಹಿಡಿಗಳು. 40 ಶಿಷ್ಯರು ಒಟ್ಟಿಗೆ ಹಿಡಿ ತಿರುಗಿಸಿದರೆ ಶಬ್ದಗಳ ಜೋಡಣೆ ಪೂರ್ತಿ ಬದಲಾಗುತ್ತದೆ. ಆಮೇಲೆ 36 ಹುಡುಗರು ಸಾಲುಗಳನ್ನು ಮೆಲ್ಲ ಓದಬೇಕು. ವಾಕ್ಯದ ಹಾಗೆ ಕಾಣುವ ಮೂರು ನಾಲ್ಕು ಶಬ್ದ ಒಟ್ಟಿಗೆ ಸಿಕ್ಕಿದರೆ ಉಳಿದ ನಾಲ್ವರು ಅದನ್ನು ಬರೆದುಕೊಳ್ಳಬೇಕು. ದಿನಕ್ಕೆ ಆರು ಗಂಟೆ ಇದೇ ಕೆಲಸ. ಹೀಗೆ ಸೇರಿದ ತುಂಡುವಾಕ್ಯಗಳ ದೊಡ್ಡ ಸಂಪುಟಗಳನ್ನು ಪ್ರೊಫೆಸರು ಹೆಮ್ಮೆಯಿಂದ ತೋರಿಸುತ್ತಾನೆ. ಏನೂ ಓದದವನೂ ಇದರಿಂದ ತತ್ತ್ವಶಾಸ್ತ್ರ, ಕಾವ್ಯ, ರಾಜಕೀಯ, ಕಾನೂನು, ಗಣಿತ, ದೇವತಾಶಾಸ್ತ್ರ ಬರೆಯಬಹುದು ಎಂಬುದು ಅವನ ವಾದ. ಜನರು ಹಣ ಕೊಟ್ಟರೆ ಇಂಥ 500 ಚೌಕಟ್ಟು ಮಾಡಿಸುತ್ತೇನೆ ಅಂತಾನೆ.

ಸಾಮಾನ್ಯವಾಗಿ ಇದನ್ನು ನಗುವುದಕ್ಕಾಗಿ ಓದುತ್ತಾರೆ. ನಾನು ಆ ಲೆಕ್ಕದ ಹತ್ತಿರ ನಿಂತುಬಿಟ್ಟೆ. 40 ಜನರಲ್ಲಿ 36 ಮಂದಿ ಆಯುವವರು, ನಾಲ್ವರು ಬರೆಯುವವರು. ಯಂತ್ರ ಶಬ್ದಗಳನ್ನು ಕಲಸುತ್ತದೆ, ಇನ್ನೇನೂ ಮಾಡುವುದಿಲ್ಲ. ಯಾವುದು ವಾಕ್ಯ, ಯಾವುದು ಅಲ್ಲ ಎಂದು ತೀರ್ಮಾನಿಸುವುದು ಹುಡುಗರು. ಅವರಿಗೆ ವಾಕ್ಯ ಅಂತ ಕಾಣದ್ದು ಸಂಪುಟಕ್ಕೆ ಹೋಗುವುದಿಲ್ಲ. ಮತ್ತೆ ಹಿಡಿ ತಿರುಗಿಸಿದಾಗ ಅದು ಇರುವುದೂ ಇಲ್ಲ. ಅದರ ಬೇರೆ ಪ್ರತಿ ಎಲ್ಲಿಯೂ ಇಲ್ಲ.

2. ಬಿಟ್ಟುಹೋದ ಐದು ಪ್ಯಾರಾಗಳು

ಲಗಾಡೊ ನಗರ ಇರುವುದು ಬಾಲ್ನಿಬಾರ್ಬಿ ಎಂಬ ದೇಶದಲ್ಲಿ. ಅದನ್ನು ಆಳುವ ರಾಜ ಮೇಲೆ ಹಾರುವ ಲಪೂಟಾ ದ್ವೀಪದಲ್ಲಿ ಇರುತ್ತಾನೆ. ಕೆಳಗಿನ ಯಾವ ಊರಾದರೂ ಎದುರು ನಿಂತರೆ ದ್ವೀಪವನ್ನು ಅದರ ತಲೆಯ ಮೇಲೆ ತಂದು ನಿಲ್ಲಿಸಿ ಬಿಸಿಲು, ಮಳೆ ಎರಡನ್ನೂ ತಡೆಯುತ್ತಾನೆ. ಸ್ವಿಫ್ಟ್ ಡಬ್ಲಿನ್ನಿನವನು, ಅಲ್ಲಿನ ಸೇಂಟ್ ಪ್ಯಾಟ್ರಿಕ್ ಕೆಥೀಡ್ರಲಿನ ಡೀನ್ ಆಗಿದ್ದವನು. ಇಂಗ್ಲೆಂಡಿನ ನೆರಳು ಐರ್ಲೆಂಡಿನ ಮೇಲೆ ಬೀಳುವುದನ್ನು ದಿನಾ ನೋಡಿದವನು.

ಈ ಭಾಗದಲ್ಲಿ ಅವನು ಲಿಂಡಲಿನೊ ಎಂಬ ಊರಿನ ದಂಗೆಯ ಕಥೆಯನ್ನೂ ಬರೆದಿದ್ದ. ಊರಿನವರು ನಾಲ್ಕು ಮೂಲೆಗಳಲ್ಲಿ ಗೋಪುರ ಕಟ್ಟಿ, ಅವುಗಳ ತುದಿಯಲ್ಲಿ ಅಯಸ್ಕಾಂತದ ಕಲ್ಲು ಇಟ್ಟು, ದ್ವೀಪವನ್ನೇ ಎಳೆದು ಕೆಡವುವ ಏರ್ಪಾಡು ಮಾಡುತ್ತಾರೆ. ಕೊನೆಗೆ ರಾಜನೇ ಮಣಿಯಬೇಕಾಗುತ್ತದೆ. ಲಿಂಡಲಿನೊ ಅಂದರೆ ಡಬ್ಲಿನ್, ಹೆಸರಿನಲ್ಲಿ 'ಲಿನ್' ಎರಡು ಸಲ ಬರುತ್ತದೆ. ಇಂಗ್ಲಿಷಿನಲ್ಲಿ ಡಬಲ್ ಲಿನ್ ಅಂದರೆ ಡಬ್ಲಿನ್. ಹಿನ್ನೆಲೆಯೂ ಸ್ಪಷ್ಟ. ವಿಲಿಯಂ ವುಡ್ ಎಂಬವನಿಗೆ ಐರ್ಲೆಂಡಿಗಾಗಿ ತಾಮ್ರದ ನಾಣ್ಯ ಟಂಕಿಸುವ ಹಕ್ಕು ಕೊಟ್ಟಾಗ ಸ್ವಿಫ್ಟ್ 1724ರಲ್ಲಿ ಬಟ್ಟೆ ವ್ಯಾಪಾರಿಯ ಹೆಸರಿನಲ್ಲಿ ಪತ್ರಗಳನ್ನು ಬರೆದು ಜನರನ್ನು ಎಬ್ಬಿಸಿದ್ದ. ಮರುವರ್ಷ ಆ ಹಕ್ಕು ಹಿಂದೆ ಹೋಯಿತು.

ಆದರೆ 1726ರ ಪುಸ್ತಕದಲ್ಲಿ ಈ ಐದು ಪ್ಯಾರಾ ಇಲ್ಲ. ಲಂಡನ್ನಿನ ಪ್ರಕಾಶಕ ಬೆಂಜಮಿನ್ ಮೊಟ್‌ನ ಮುದ್ರಣದಲ್ಲಿ ಹಲವು ಕಡೆ ಮೂಲ ಬದಲಾಗಿದೆ ಎಂದು ಸ್ವಿಫ್ಟ್ ದೂರಿದ. 1735ರಲ್ಲಿ ಡಬ್ಲಿನ್ನಿನ ಜಾರ್ಜ್ ಫಾಕ್ನರ್ ತಿದ್ದಿದ ಆವೃತ್ತಿ ತಂದ. ಅದರಲ್ಲಿಯೂ ಲಿಂಡಲಿನೊ ಬರಲಿಲ್ಲ. ಅದು ಉಳಿದದ್ದು ಸ್ವಿಫ್ಟ್‌ನ ಗೆಳೆಯ ಚಾರ್ಲ್ಸ್ ಫೋರ್ಡ್ ಇಟ್ಟುಕೊಂಡಿದ್ದ ಪ್ರತಿಯಲ್ಲಿ, ಕೈಬರಹದಲ್ಲಿ. ಮೊದಲ ಸಲ ಅಚ್ಚಾದದ್ದು 1899ರಲ್ಲಿ. ಅಂದರೆ 173 ವರ್ಷ ಗಲಿವರನನ್ನು ಓದಿದವರ ಪಾಲಿಗೆ ಎದುರು ನಿಂತು ಗೆದ್ದ ಆ ಊರು ಇರಲೇ ಇಲ್ಲ. ಗೆಳೆಯನೊಬ್ಬ ತನ್ನ ಪ್ರತಿಯನ್ನು ಜೋಪಾನ ಮಾಡದೆ ಇದ್ದಿದ್ದರೆ ಇವತ್ತಿಗೂ ಇರುತ್ತಿರಲಿಲ್ಲ.

3. ಕಡತದ ಯಂತ್ರ

ಲಗಾಡೊದ ಯಂತ್ರ ಲೋಕವನ್ನು ಬದಲಿಸುವುದಿಲ್ಲ, ಕಾಗದ ಹಾಳು ಮಾಡುತ್ತದೆ ಅಷ್ಟೆ. ಲೋಕವನ್ನು ಬದಲಿಸುವ ಯಂತ್ರ ಜಾರ್ಜ್ ಓರ್ವೆಲ್‌ನ 'ನೈಂಟೀನ್ ಎಯ್ಟಿ ಫೋರ್' ಕಾದಂಬರಿಯಲ್ಲಿ ಬರುತ್ತದೆ. ಅದು ಪ್ರಕಟವಾದದ್ದು 1949ರ ಜೂನ್ 8ರಂದು. ಓರ್ವೆಲ್ ಹುಟ್ಟಿದ್ದು ನಮ್ಮ ಬಿಹಾರದ ಮೋತಿಹಾರಿಯಲ್ಲಿ, 1903ರಲ್ಲಿ. ಯುದ್ಧಕಾಲದಲ್ಲಿ, 1941ರಿಂದ 1943ರವರೆಗೆ, ಬಿಬಿಸಿಯಲ್ಲಿ ಭಾರತಕ್ಕೆ ಪ್ರಸಾರವಾಗುವ ಕಾರ್ಯಕ್ರಮಗಳನ್ನು ನೋಡಿಕೊಳ್ಳುತ್ತಿದ್ದ. ಬರೆದ ಮಾತು ಸೆನ್ಸಾರಿನ ಕೈದಾಟಿ ಹೊರಗೆ ಹೋಗುವುದು ಹೇಗೆ ಎಂಬುದು ಅವನಿಗೆ ಸ್ವಂತ ಅನುಭವ.

ಕಾದಂಬರಿಯಲ್ಲಿ ಎರಡು ಬಗೆಯ ಯಂತ್ರವ್ಯವಸ್ಥೆ ಉಂಟು. ಒಂದು, ಜೂಲಿಯಾ ಕೆಲಸ ಮಾಡುವ ಕಥಾ ಇಲಾಖೆಯ ಕಾದಂಬರಿ ಬರೆಯುವ ಯಂತ್ರಗಳು. ಅಲ್ಲಿನ ಒಂದು ವಿಭಾಗದಲ್ಲಿ ಇರುವುದು ಆರೇ ಕಥಾವಸ್ತು, ಅವನ್ನೇ ಅದಲುಬದಲು ಮಾಡ್ತಾರೆ. ಇದು ಲಗಾಡೊದ ಮೊಮ್ಮಗು. ಇನ್ನೊಂದು, ವಿನ್‌ಸ್ಟನ್ ಕೆಲಸ ಮಾಡುವ ದಾಖಲೆ ಇಲಾಖೆ. ಅಲ್ಲಿ ಹಳೆಯ ಪತ್ರಿಕೆಗಳನ್ನು ತಿದ್ದಿ ಮತ್ತೆ ಅಚ್ಚು ಹಾಕುತ್ತಾರೆ, ಮೂಲವನ್ನು ಸುಡುತ್ತಾರೆ. ವಿನ್‌ಸ್ಟನ್ ಒಂದು ದಿನ ಓಗಿಲ್ವಿ ಎಂಬ, ಹುಟ್ಟದೇ ಇದ್ದ ವೀರನನ್ನು ಕೂತಲ್ಲೇ ಸೃಷ್ಟಿಸುತ್ತಾನೆ. ಪತ್ರಿಕೆಯಲ್ಲಿ ಬಂದ ಮೇಲೆ ಚರಿತ್ರೆಯ ಇತರ ವೀರರಿಗೆ ಇರುವಷ್ಟೇ ಸಾಕ್ಷಿ ಅವನಿಗೂ ಇರುತ್ತದೆ.

ಇಲ್ಲಿ ನನಗೆ ಮುಖ್ಯ ಅನ್ನಿಸಿದ್ದು ಒಂದು ಫೋಟೊ. ಮೂವರು ನಾಯಕರು ತಪ್ಪೊಪ್ಪಿಗೆಯಲ್ಲಿ ಹೇಳಿದ ದಿನ ಹೇಳಿದ ಜಾಗದಲ್ಲಿ ಇರಲೇ ಇಲ್ಲ ಎಂದು ತೋರಿಸುವ ಪತ್ರಿಕೆಯ ತುಂಡು ಹಿಂದೊಮ್ಮೆ ವಿನ್‌ಸ್ಟನ್ ಕೈಗೆ ಸಿಕ್ಕಿತ್ತು. ಅವನು ಹೆದರಿ ಅದನ್ನು ಸುಡುವ ತೂತಿಗೆ ಹಾಕಿದ. ವರ್ಷಗಳ ನಂತರ ಓಬ್ರಿಯನ್ ಅದೇ ಚಿತ್ರದ ಇನ್ನೊಂದು ಪ್ರತಿ ತೋರಿಸಿ, ಅವನ ಕಣ್ಣೆದುರೇ ಸುಟ್ಟು, ತನಗೆ ಅದು ನೆನಪಿಲ್ಲ ಅನ್ನುತ್ತಾನೆ. ಯಂತ್ರ ಎಷ್ಟು ಚೆನ್ನಾಗಿ ಬರೆಯುತ್ತದೆ ಎಂಬುದರಿಂದ ವಾಸ್ತವ ಬದಲಾದದ್ದಲ್ಲ. ಅದರ ಬರಹದ ಪಕ್ಕದಲ್ಲಿ ಇಟ್ಟು ಹೋಲಿಸುವುದಕ್ಕೆ ಬೇರೊಂದು ಪ್ರತಿ ಉಳಿಯಲಿಲ್ಲ, ಅದರಿಂದ ಬದಲಾಯಿತು.

4. ಬ್ಯೂನಸ್ ಐರಿಸ್‌ನ ಮ್ಯೂಸಿಯಂ

ಈ ಚರಿತ್ರೆಯಲ್ಲಿ ಒಂದು ತಿರುವು ಅರ್ಜೆಂಟೀನಾದಲ್ಲಿ ಬರುತ್ತದೆ. ರಿಕಾರ್ಡೊ ಪಿಗ್ಲಿಯಾನ 'ಲಾ ಸಿಯುದಾದ್ ಔಸೆಂತೆ', ಅಂದರೆ 'ಕಾಣೆಯಾದ ನಗರ', ಪ್ರಕಟವಾದದ್ದು 1992ರಲ್ಲಿ. ಸೆರ್ಜಿಯೊ ವೈಸ್‌ಮನ್ ಮಾಡಿದ ಇಂಗ್ಲಿಷ್ ಅನುವಾದ 2000ದಲ್ಲಿ ಬಂತು. ನಾನು ಓದಿದ್ದು ಅದನ್ನೇ.

ಮ್ಯಾಸಿಡೋನಿಯೊ ಫೆರ್ನಾಂದೆಸ್ ಎಂಬ ಅರ್ಜೆಂಟೀನಾದ ನಿಜವಾದ ಲೇಖಕ, ಬೋರ್ಹೆಸ್‌ನ ಗುರುವಿನಂಥವನು, 1920ರಲ್ಲಿ ಹೆಂಡತಿ ಎಲೆನಾಳನ್ನು ಕಳೆದುಕೊಂಡ. ಪಿಗ್ಲಿಯಾನ ಕಲ್ಪನೆಯಲ್ಲಿ ಅವನು ಅವಳ ನೆನಪನ್ನು ಒಂದು ಯಂತ್ರದಲ್ಲಿ ಉಳಿಸುತ್ತಾನೆ. ಅದನ್ನು ಮೊದಲು ಕಟ್ಟಿದ್ದು ಅನುವಾದಕ್ಕಾಗಿ. ಎಡ್ಗರ್ ಆಲನ್ ಪೋನ 'ವಿಲಿಯಂ ವಿಲ್ಸನ್' ಕಥೆ ಹಾಕಿದರೆ ಕೆಲವು ಗಂಟೆಗಳ ನಂತರ ಹೊರಗೆ ಬಂದದ್ದು 'ಸ್ಟೀಫನ್ ಸ್ಟೀವನ್‌ಸನ್' ಎಂಬ ಬೇರೆಯೇ ಕಥೆ. ಅಲ್ಲಿಂದ ಮೇಲೆ ಯಂತ್ರ ಕಥೆ ಹೇಳುತ್ತಾ ಹೋಗುತ್ತದೆ. ಅದು ಒಂದು ಮ್ಯೂಸಿಯಂನಲ್ಲಿ ಇರುತ್ತದೆ. ಆದರೆ ಅದರ ಕಥೆಗಳ ಧ್ವನಿಮುದ್ರಣಗಳು, ಪ್ರತಿಗಳು ಊರಿಡೀ ಕೈಯಿಂದ ಕೈಗೆ ದಾಟುತ್ತವೆ. ಜೂನಿಯರ್ ಎಂಬ ಪತ್ರಕರ್ತ ಅವುಗಳ ಬೆನ್ನು ಹತ್ತುತ್ತಾನೆ. ಸರ್ಕಾರಕ್ಕೆ ಅದನ್ನು ನಿಲ್ಲಿಸಬೇಕು.

ಯಾಕೆ ನಿಲ್ಲಿಸಬೇಕು? ಅರ್ಜೆಂಟೀನಾದಲ್ಲಿ 1976ರಿಂದ 1983ರವರೆಗೆ ಸೈನಿಕ ಸರ್ಕಾರ ಇತ್ತು. ಸಾವಿರಾರು ಜನರನ್ನು ಎತ್ತಿಕೊಂಡು ಹೋದರು. ಶವ ಇಲ್ಲ, ದಾಖಲೆ ಇಲ್ಲ. ಅವರನ್ನು ಸತ್ತವರು ಅಂತ ಕರೆಯಲಿಕ್ಕೂ ಆಗದೆ ಕಾಣೆಯಾದವರು ಅಂತ ಕರೆದರು. ಪಿಗ್ಲಿಯಾನ ಯಂತ್ರ ಹೇಳುವ ಕಥೆಗಳಲ್ಲಿ ಒಂದು ಹೊಲದಲ್ಲಿ ಹೂತ ಶವಗಳ ಗುಂಡಿಗಳನ್ನು ಕಂಡವನ ಮಾತು. ಓರ್ವೆಲ್‌ನಲ್ಲಿ ಯಂತ್ರ ಇರುವುದು ಸರ್ಕಾರದ ಕೈಯಲ್ಲಿ. ಪಿಗ್ಲಿಯಾನಲ್ಲಿ ಯಂತ್ರ ಸರ್ಕಾರ ಅಳಿಸಿದ್ದನ್ನು ಹಿಡಿದಿಟ್ಟುಕೊಂಡಿದೆ. ಅದು ಒಂದು ಹೆಂಗಸಿನ ನೆನಪಿನಿಂದ ಆದದ್ದು. ನಿಖರ ಅಲ್ಲ, ಪೋನ ಕಥೆಯನ್ನೇ ಕೆಡಿಸಿಬಿಟ್ಟಿತಲ್ಲ. ಆದರೂ ಅದು ಇನ್ನೊಂದು ಪ್ರತಿ.

ಹಾಗಾಗಿ ನನ್ನ ಪ್ರಬಂಧದ ವಾದವನ್ನು ಹೀಗೆ ಹೇಳಬಹುದು. ಈ ಯಂತ್ರಗಳ ಚರಿತ್ರೆಯನ್ನು ಯಂತ್ರ ಮನುಷ್ಯನ ಹಾಗೆ ಬರೆಯಬಲ್ಲುದೇ ಎಂಬ ಪ್ರಶ್ನೆಯಿಂದ ಓದಿದರೆ ಅರ್ಧ ಮಾತ್ರ ಸಿಗುತ್ತದೆ. ಅದರ ಬರಹಕ್ಕೆ ಎದುರಾಗಿ ಎರಡನೆಯ ಪ್ರತಿ ಉಂಟಾ, ಅದು ಯಾರ ಹತ್ತಿರ ಉಂಟು ಎಂಬ ಪ್ರಶ್ನೆಯಿಂದ ಓದಬೇಕು.

5. ನಮ್ಮ ಕಡೆಗೆ

ಇನ್ನು ಕಾಸರಗೋಡಿಗೆ ಬರ್ತೇನೆ. ಮದ್ರಾಸ್ ರಾಜ್ಯದ ದಕ್ಷಿಣ ಕನ್ನಡ ಜಿಲ್ಲೆಯ ಕಾಸರಗೋಡು ತಾಲೂಕು 1956ರ ನವೆಂಬರ್ 1ರಂದು ಕೇರಳಕ್ಕೆ ಸೇರಿತು. ಚಂದ್ರಗಿರಿ ಹೊಳೆಯ ಉತ್ತರದ ಭಾಗ ಆಗಿನ ಮೈಸೂರು ರಾಜ್ಯಕ್ಕೆ ಬರಬೇಕು ಎಂದು ಮಹಾಜನ ಆಯೋಗ 1967ರಲ್ಲಿ ಹೇಳಿತು, ಅದು ಜಾರಿಯಾಗಲಿಲ್ಲ. ಇದೆಲ್ಲ ನಿಮಗೆ ಗೊತ್ತಿರುವುದೇ. ಆ ಹೋರಾಟವನ್ನು ಕೈಯಾರ ಕಿಞ್ಞಣ್ಣ ರೈಗಳಂಥವರು ಬದುಕಿಡೀ ಮಾಡಿದರು. ನಾನು ಅದನ್ನು ಮತ್ತೆ ಹೇಳುವುದಿಲ್ಲ.

ನನ್ನ ತಲೆಮಾರಿನವರು ಎದುರಿಸುವುದು ಇನ್ನೂ ಸಣ್ಣ ಸಂಗತಿಗಳನ್ನು. 2021ರಲ್ಲಿ ನಮ್ಮ ಜಿಲ್ಲೆಯ ಊರುಗಳ ಕನ್ನಡ, ತುಳು ಹೆಸರುಗಳು ಬದಲಾಗುತ್ತವೆ ಎಂಬ ಸುದ್ದಿ ಎದ್ದಿತು. ಮಧೂರು ಮಧುರಂ ಆಗ್ತದೆ, ಮಲ್ಲ ಮಲ್ಲಂ ಆಗ್ತದೆ, ನೆಲ್ಲಿಕುಂಜ ನೆಲ್ಲಿಕುನ್ನು ಆಗ್ತದೆ ಅಂತ. ಕರ್ನಾಟಕದ ಮುಖ್ಯಮಂತ್ರಿ ಪತ್ರ ಬರೆದರು. ಅಂಥ ತೀರ್ಮಾನವೇ ಇಲ್ಲ ಎಂದು ಕೇರಳದ ಕಡೆಯಿಂದ ಉತ್ತರ ಬಂತು. ಎರಡು ವಾರ ಗಲಾಟೆ ಆಗಿ ತಣ್ಣಗಾಯಿತು. ಆದರೆ ಹೆಸರು ಬದಲಾಗಲಿಕ್ಕೆ ಯಾವಾಗಲೂ ತೀರ್ಮಾನ ಬೇಕಾಗುವುದಿಲ್ಲ. ಬಸ್ಸಿನ ಬೋರ್ಡು ಬರೆಯುವವನು ತನ್ನ ಕಿವಿಗೆ ಕೇಳಿದ ಹಾಗೆ ಬರೆಯುತ್ತಾನೆ. ಅರ್ಜಿ ತುಂಬುವವನು ಬೋರ್ಡು ನೋಡಿ ಬರೆಯುತ್ತಾನೆ. ಕಂಪ್ಯೂಟರಿಗೆ ಹಾಕುವವನು ಅರ್ಜಿ ನೋಡಿ ಹಾಕುತ್ತಾನೆ. ಇವರಲ್ಲಿ ಯಾರಿಗೂ ದ್ವೇಷ ಇಲ್ಲ. ಲಗಾಡೊದ 36 ಹುಡುಗರಿಗೂ ಇರಲಿಲ್ಲ. ಅವರಿಗೆ ಶಬ್ದ ಅಂತ ಕಂಡದ್ದನ್ನು ಅವರು ಆಯ್ದರು.

ಮಾವನ ಬೆಟ್ಟು ಗದ್ದೆ ನಿಲಂ ಆದದ್ದೂ ಹೀಗೆ. ಮೂರು ಶಬ್ದ ಇದ್ದ ಕಡೆ ಒಂದು ಶಬ್ದ ಸಾಕು ಅಂತ ಯಾರಿಗೋ ಕಂಡಿತು. ನಾವು ಸಾಹಿತ್ಯದ ವಿದ್ಯಾರ್ಥಿಗಳು ಪದಸಂಪತ್ತು ಕಡಿಮೆಯಾಯಿತು ಅಂತ ದುಃಖಪಡುತ್ತೇವೆ. ಮಾವನಿಗೆ ಹೋದದ್ದು ಪದ ಅಲ್ಲ, ಮನೆ. ನಾವೀಗ ಆ ಪಾಲುಪಟ್ಟಿಯನ್ನು ಅರ್ಜಿಯ ಜೊತೆ ಇಟ್ಟಿದ್ದೇವೆ. ಮಲಯಾಳಕ್ಕೆ ಅನುವಾದ ಮಾಡಿಕೊಟ್ಟದ್ದು ನಾನೇ. ಬೆಟ್ಟು ಎಂಬುದಕ್ಕೆ ಒಂದು ಶಬ್ದ ಸಿಗಲಿಲ್ಲ, ಎರಡು ಸಾಲು ವಿವರಣೆ ಬರೆದೆ. ತೀರ್ಮಾನ ಇನ್ನೂ ಬಂದಿಲ್ಲ.

ನಿಮ್ಮಲ್ಲಿ ನನ್ನ ಕೋರಿಕೆ ಇಷ್ಟೆ. ಜತ್ತಿನಲ್ಲಿ, ಮಡಕಶಿರಾದಲ್ಲಿ, ತಾಳವಾಡಿಯಲ್ಲಿ ನಿಮ್ಮ ಮನೆಗಳ ಅಟ್ಟದಲ್ಲಿ ಇಂಥ ಕಾಗದ ಇರಬಹುದು. ಪಾಲುಪಟ್ಟಿ, ಲೆಕ್ಕದ ಪುಸ್ತಕ, ಮದುವೆಯ ಓಲೆ, ಶಾಲೆಯ ಹಾಜರಿ. ಮಹತ್ವದ್ದಲ್ಲ ಅಂತ ಬಿಡಬೇಡಿ. ಫೋಟೊ ತೆಗೆದು ಇಡಿ. ಅಜ್ಜಿಯರ ಹತ್ತಿರ ಗದ್ದೆಗಳ ಹೆಸರು ಕೇಳಿ ಬರೆದುಕೊಳ್ಳಿ. ಚಾರ್ಲ್ಸ್ ಫೋರ್ಡ್ ಮಾಡಿದ್ದೂ ಅಷ್ಟೇ ಕೆಲಸ.

ಚರ್ಚೆಯಿಂದ

ಹಿರಿಯ ಅಧ್ಯಾಪಕರೊಬ್ಬರು: ಕನ್ನಡದಲ್ಲಿಯೇ 'ಸಿರಿಭೂವಲಯ' ಇದೆಯಲ್ಲ, ಅದನ್ನು ಯಾಕೆ ಬಿಟ್ಟಿರಿ?

ಉತ್ತರ: ಒಳ್ಳೆಯ ಪ್ರಶ್ನೆ ಸರ್. ಅದರ ಕಾಲದ ಬಗ್ಗೆ ವಿದ್ವಾಂಸರಲ್ಲಿ ಒಮ್ಮತ ಇಲ್ಲ, ಅದು ಒಂದು ಕಾರಣ. 27ಕ್ಕೆ 27 ಮನೆಗಳ ಚಕ್ರಗಳಲ್ಲಿ 1ರಿಂದ 64ರವರೆಗಿನ ಅಂಕಿಗಳನ್ನು ಇಟ್ಟು, ಅವನ್ನು ಅಕ್ಷರವಾಗಿ ಓದುವ ಕ್ರಮ ಅಲ್ಲಿದೆ. ಆದರೆ ಅಲ್ಲಿ ಕವಿ ಇಟ್ಟದ್ದನ್ನೇ ಓದುಗ ಬಿಡಿಸಿ ತೆಗೆಯುತ್ತಾನೆ. ಲಗಾಡೊದಲ್ಲಿ ಇಟ್ಟವರು ಯಾರೂ ಇಲ್ಲ. ಹಾಗಾಗಿ ಅದು ಬೀಗದ ಕೈಯ ವಿಷಯ, ಯಂತ್ರದ್ದಲ್ಲ ಅಂತ ನನಗೆ ತೋರ್ತದೆ.

ನೀಲಗಿರಿಯ ಸಂಶೋಧನಾರ್ಥಿ: ನೀವು ಕನ್ನಡದವರು ಯಾವಾಗಲೂ ಕಳೆದುಕೊಳ್ಳುವವರು ಅನ್ನುವ ಹಾಗೆ ಮಾತಾಡಿದಿರಿ. ಜನಗಣತಿ ಬಡಗ ಮಾತಾಡುವವರನ್ನು ಕನ್ನಡದ ಗುಂಪಿಗೆ ಸೇರಿಸ್ತದೆ. ಅಲ್ಲಿ ಆಯುವ ಹುಡುಗರು ಯಾರು?

ಉತ್ತರ: ಇದಕ್ಕೆ ನಾನು ತಯಾರಿ ಮಾಡಿರಲಿಲ್ಲ ಅಕ್ಕ. ನೀವು ಹೇಳಿದ್ದು ಸರಿ. ಬಡಗ ಸ್ವತಂತ್ರ ಭಾಷೆ ಎಂದು ವಾದಿಸುವ ಭಾಷಾಶಾಸ್ತ್ರಜ್ಞರೂ ಇದ್ದಾರೆ. ನಮ್ಮ ಸಂಖ್ಯೆ ಹೆಚ್ಚಾಗುವಾಗ ನಾವು ಪಟ್ಟಿಯನ್ನು ಪ್ರಶ್ನಿಸುವುದಿಲ್ಲ. ಕಾಸರಗೋಡಿನಲ್ಲೂ ತುಳು ಮಾತಾಡುವ ಮನೆಗಳನ್ನು ನಾವು ಲೆಕ್ಕಕ್ಕಾಗಿ ಕನ್ನಡ ಅಂದದ್ದುಂಟು. ಈ ಭಾಗವನ್ನು ಪ್ರಬಂಧದಲ್ಲಿ ಸೇರಿಸಬೇಕು.

ಸಹಪಾಠಿ: ಈಗಿನ ಯಂತ್ರಬುದ್ಧಿಯ ತಂತ್ರಾಂಶಗಳ ಬಗ್ಗೆ ಏನೂ ಹೇಳಲಿಲ್ಲವಲ್ಲ?

ಉತ್ತರ: ಅವು ಕಲಿಯುವುದು ಈಗಾಗಲೇ ಗಣಕಕ್ಕೆ ಏರಿದ ಬರಹದಿಂದ. ನಮ್ಮ ಅಟ್ಟದ ಕಾಗದ ಅಲ್ಲಿ ಇಲ್ಲ. ಇಲ್ಲದ್ದನ್ನು ಅದು ಹೇಗೆ ಹೇಳೀತು?

ಬರಹಕ್ಕೆ ಇಳಿಸುವಾಗ ಸೇರಿಸಿದ ಮಾತು: ಈ ಉಪನ್ಯಾಸದ ಮೊದಲ ಕರಡನ್ನು ಧ್ವನಿಮುದ್ರಣದಿಂದ ತಯಾರಿಸಿದ್ದು ಒಂದು ತಂತ್ರಾಂಶ. ಅದರಲ್ಲಿ 'ಉಂಟು' ಎಂಬುದು ಹಲವು ಕಡೆ 'ಎಂಟು' ಆಗಿತ್ತು. 'ಬೆಟ್ಟು' ಎಲ್ಲ ಕಡೆಯೂ 'ಬೆಟ್ಟ' ಆಗಿತ್ತು. ಅದರ ಪ್ರಕಾರ ನನ್ನ ಮಾವ ಬೆಟ್ಟದ ಮೇಲೆ ಮನೆ ಕಟ್ಟಲು ಹೊರಟವರು. ಧ್ವನಿಮುದ್ರಣವನ್ನು ಪಕ್ಕದಲ್ಲಿ ಇಟ್ಟುಕೊಂಡು ಕೈಯಲ್ಲಿ ತಿದ್ದಿದ್ದೇನೆ. ಮುದ್ರಣವನ್ನೂ ಪಾಲುಪಟ್ಟಿಯ ಚಿತ್ರವನ್ನೂ ವಿಭಾಗಕ್ಕೆ ಕೊಟ್ಟಿದ್ದೇನೆ.